ಕಿವಿ ಚುಚ್ಚುವ ತಿಂಗಳು

ಮುತ್ಸು ಕೊಲ್ಲಿಯ ದಡದಲ್ಲಿ ಮಾರ್ಚಿ ಬಂದರೆ
ಕಿವಿ ಚುಚ್ಚುವ ಕೆಲಸ.
ತೊಟ್ಟಿಲಿಲ್ಲ, ಅಕ್ಕಸಾಲಿಗನಿಲ್ಲ, ಅಳುವವರಿಲ್ಲ.
ತಗಡಿನ ಶೆಡ್ಡು, ಒಂದು ಸೀಮೆಎಣ್ಣೆ ಒಲೆ,
ರಾತ್ರಿ ಮೂರಕ್ಕೇ ಎದ್ದು ಬಂದು ಕೂತ ಏಳು ಹೆಂಗಸರು,
ಗುಂಯ್‌ಗುಡುವ ಬೈರಿಗೆ.

ಹೊತಾತೆ ಎನ್ನುತ್ತಾರೆ ಅಲ್ಲಿ ಈ ಚಿಪ್ಪಿಗೆ:
ಹಾಯಿ ಎತ್ತಿದ್ದು ಎಂದರ್ಥ.
ಮೇಲಿನ ಹೋಳನ್ನು ಪಟದಂತೆ ನಿಲ್ಲಿಸಿ
ಗಾಳಿ ಹಿಡಿದು ಊರೂರು ಸುತ್ತುತ್ತದೆಂದು
ಹಿಂದಿನವರು ನಂಬಿದ್ದರಂತೆ.
ಸುಳ್ಳು. ಅದು ಚಪ್ಪಾಳೆ ತಟ್ಟಿಕೊಂಡು ಓಡುತ್ತದೆ.
ನಕ್ಷತ್ರಮೀನಿನ ಒಂದು ಬೆರಳು ತಾಕಿದರೆ ಸಾಕು
ತಪತಪ ತಪತಪ,
ಕಿವಿಯ ಬದಿಯಿಂದ ನೀರು ಚಿಮ್ಮಿಸಿ, ಕೆಸರೆಬ್ಬಿಸಿ,
ಹಲ್ಲುಸೆಟ್ಟು ಹೊಸದಾಗಿ ಹಾಕಿಸಿಕೊಂಡ ಮುದುಕನ ಹಾಗೆ
ನೀರನ್ನೇ ಕಚ್ಚುತ್ತ ಕಚ್ಚುತ್ತ
ನಾಲ್ಕು ಮಾರು ಹೋಗಿ ಕುಸಿಯುತ್ತದೆ.

ಹುಟ್ಟಿದ ಹೊಸತರಲ್ಲಿ ಅದಕ್ಕೆ ಊರೂ ಇಲ್ಲ, ಊರುಗೋಲೂ ಇಲ್ಲ.
ತಿಂಗಳೊಪ್ಪತ್ತು ತೇಲಿ
ಎಳೆಯೊಂದನ್ನು ತಾನೇ ನೂತು
ಏನಕ್ಕಾದರೂ ಅಂಟಿಕೊಳ್ಳಬೇಕು.
ಕಿವಾಳ ಅತ್ತೆ ಸುಗಿ ಮರದ ಹಸಿ ಟೊಂಗೆ ಕಟ್ಟಿ
ನೀರಿಗೆ ಬಿಡುತ್ತಿದ್ದಳು;
ಈಗ ಈರುಳ್ಳಿ ಚೀಲ.
ಮರಿಗೆ ಕಾಡೂ ಒಂದೇ, ಸಂತೆಯೂ ಒಂದೇ.

ಕಿವಾಳಿಗೆ ಎಪ್ಪತ್ಮೂರು.
ಐವತ್ತು ಚಳಿಗಾಲ ಇದೇ ಮಣೆ.
ಕಿವಿ ಹಿಡಿ, ಬೈರಿಗೆಗೆ ಕೊಡು, ತೂತು ಬಿದ್ದದ್ದನ್ನು
ಹಗ್ಗದ ಮುಳ್ಳಿಗೆ ಸಿಕ್ಕಿಸು, ಮುಂದಿನದು.
ನೇತುಬಿದ್ದದ್ದಕ್ಕೆ ಓಟವಿಲ್ಲ, ಓಡಿಸುವವರೂ ಇಲ್ಲ,
ವರ್ಷಕ್ಕೊಂದು ಗೆರೆ ಬರೆದುಕೊಂಡು ದಪ್ಪಗಾಗುವುದಷ್ಟೆ.
‘ನನ್ನನ್ನೂ ಹೀಗೇ ಅಲ್ಲವೇ’ ಎಂದಿದ್ದಳು ಯಾವಾಗಲೋ.
ಎಲ್ಲರೂ ನಕ್ಕಿದ್ದರು. ಅವಳೂ.

ಈ ಜನವರಿಯಲ್ಲಿ ಪಟ್ಟಣದ ಆಸ್ಪತ್ರೆಗೆ ಹೋಗಿ
ಎಡಗಣ್ಣಿನ ಪೊರೆ ತೆಗೆಸಿಕೊಂಡು ಬಂದಳು.
ಬಂದವಳು ಮೊದಲು ನೋಡಿದ್ದು
ಅಡಿಗೆಮನೆ ಗೋಡೆಯ ಜಿಡ್ಡು;
ಎರಡು ದಿನ ಯಾರೊಂದಿಗೂ ಮಾತಾಡದೆ ಉಜ್ಜಿದಳು.

ಇವತ್ತು ಬುಟ್ಟಿಯಿಂದ ಎತ್ತಿದ್ದೊಂದು
ಬಾಯಿ ತೆರೆದುಕೊಂಡೇ ಇತ್ತು.
ಸೆರಗಿನಂಚಿಗೆ ಮಣಿ ಪೋಣಿಸಿದ ಹಾಗೆ
ಕಣ್ಣು ಕಣ್ಣು ಕಣ್ಣು.
ಕಪ್ಪು ಚುಕ್ಕಿ ಎಂದುಕೊಂಡಿದ್ದಳಲ್ಲ ಇಷ್ಟು ವರ್ಷ.
ನೀಲಿ.
ಮದುವೆಯ ವರ್ಷ ಕೊಂಡು
ರೈಲಿನಲ್ಲಿ ಮರೆತುಬಂದ ಕೊಡೆಯ ನೀಲಿ.
ಬಲಗಣ್ಣು ಮುಚ್ಚಿ ನೋಡಿದಳು, ಎಡಗಣ್ಣು ಮುಚ್ಚಿ ನೋಡಿದಳು:
ಒಂದರಲ್ಲಿ ನೀಲಿ, ಇನ್ನೊಂದರಲ್ಲಿ ತಣಿದ ಚಹಾ.
ಆ ಕಣ್ಣಿನ ಹಿಂದೆ ಪುಟ್ಟ ಕನ್ನಡಿ ಇದೆ ಅಜ್ಜೀ ಎಂದು
ಮೀನುಗಾರಿಕೆ ಶಾಲೆಯ ಹುಡುಗ ಹೇಳಿದ್ದ.
ಹಾಗಾದರೆ ಇನ್ನೂರು ಕನ್ನಡಿ,
ಇನ್ನೂರು ಕಿವಾ,
ಇನ್ನೂರು ಬೈರಿಗೆ.

‘ಏನತ್ತೆ, ಕೈ ನಿಂತಿತು?’ ಸೊಸೆ ಫುಯುಮಿ.
‘ನೋಡ್ತಾ ಇದೆ.’
‘ಯಾವತ್ತೂ ನೋಡ್ತಾನೇ ಇತ್ತು.’

ಟಪ್ಪೆಂದು ಮುಚ್ಚಿಕೊಂಡಿತು ಚಿಪ್ಪು.
ಕಿವಿ ಹಿಡಿದಳು, ಚುಚ್ಚಿದಳು, ಹಗ್ಗಕ್ಕೆ ಸಿಕ್ಕಿಸಿದಳು.
ಲೆಕ್ಕ ಹಾಕುವಾಗ ಅವಳ ಹಗ್ಗ ಎರಡು ಕಡಿಮೆ.
ಯಾರೂ ಕೇಳಲಿಲ್ಲ.

ಮನೆಯಲ್ಲಿ ಗಂಡನಿಗೆ ನೆಗಡಿ, ಜ್ವರ.
ಅತ್ತೆಯ ಕಾಲದ ದೊಡ್ಡ ಚಿಪ್ಪು, ತಳ ಮಸಿ ಹಿಡಿದದ್ದು,
ಒಲೆಗಿಡುವ ಮುಂಚೆ ಅದರ ಗೆರೆ ಎಣಿಸಿದಳು,
ಹೊಸ ಕಣ್ಣಲ್ಲವೆ. ಹನ್ನೊಂದು.
ಹನ್ನೊಂದು ವರ್ಷ ಓಡಾಡಿಕೊಂಡಿದ್ದದ್ದು.
ಬೆರಳಿಂದ ಕಿವಿ ಮುಟ್ಟಿ ನೋಡಿದಳು:
ತೂತಿಲ್ಲ.

ಮಿಸೊ ಕದಡಿ ಮೊಟ್ಟೆ ಒಡೆದಳು.
ಒಳಕೋಣೆಯಿಂದ ಕೆಮ್ಮು.
ಅಂಚಿಗೆ ಹಿಡಿಯುತ್ತಿತ್ತು;
ಉರಿ ಸಣ್ಣಗೆ ಮಾಡಿದಳು.