ಒಂಬತ್ತು ಮತ್ತು ಒಂದು

ಪಠ್ಯದಲ್ಲಿ ದಾಸವಾಳ.
ಊರಲ್ಲಿ ದಾಸವಾಳದ ಗಿಡ ಒಂದೇ,
ಅದೂ ಪೋಸ್ಟಮನ್ ಕಲ್ಲಪ್ಪನ ಹಿತ್ತಲಲ್ಲಿ;
ಬೆಳಕು ಹರಿಯುವ ಮೊದಲೇ ಅವನ ತಾಯಿ
ಇದ್ದಬದ್ದದ್ದನ್ನೆಲ್ಲ ಹನುಮಂತನಿಗೆ ಏರಿಸಿಬಿಡುತ್ತಾಳೆ.

ಹಾಗಾಗಿ ಕೆಂಪು ಸೀಮೆಸುಣ್ಣ ಸವೆಸಿ
ಹಲಗೆಯ ಮೇಲೊಂದು ಅರಳಿಸಿದೆ.
ಬಾಣ ಎಳೆದು, ಬಾಣದ ತುದಿಗೊಂದು ಮಾತು ಕಟ್ಟಿದೆ:
ಪುಷ್ಪಪತ್ರ, ದಳ, ಕೇಸರ, ಶಲಾಕೆ.

'ಸಲಾಕಿ ಏನ್ರೀ ಟೀಚರ್?
ನಮ್ಮ ಅಬ್ಬಾನ ಹತ್ರ ಅದ, ಖಣಿಯಾಗ ಕಲ್ಲ ಎಬ್ಬಸ್ತಾರ'
ಅಂದ ಹಿಂದಿನ ಸಾಲಿನ ಮಶಾಕ.
ತರಗತಿ ನಕ್ಕಿತು, ನಾನೂ ನಕ್ಕೆ.
ಎರಡೂ ಒಂದೇ ಕುಲುಮೆಯ ಮಾತು ಎಂಬುದು
ಚಿತ್ತಾಪುರ ದಾಟಿದ ಮೇಲೆ
ಬಸ್ಸಿನ ಕಿಟಕಿಗೆ ತಲೆ ತಾಗಿ ಹೊಳೆಯಿತು.

ಜಗದೇವಿ ಮೂರು ದಿನ ಬಂದಿರಲಿಲ್ಲ.
ಹಾಜರಿ ಪುಸ್ತಕದಲ್ಲಿ ಮೂರು ಕೆಂಪು ಸೊನ್ನೆ.
ನಾಲ್ಕನೆಯ ದಿನ ಬಂದಳು,
ಜಡೆಯಲ್ಲೊಂದು ಒಣಗಿದ ಎಲೆ, ಕೈಯಲ್ಲಿ ಕಂಪಾಸ್ ಡಬ್ಬಿ.
'ತೊಗರಿ ಝಾಡ್ಸಲಾಕ ಹೋಗಿದ್ದೆರೀ.'

ಒಬ್ಬರು ಗಿಡ ಬಗ್ಗಿಸಿ ಜಾಡಿಸುವುದು,
ಇಬ್ಬರು ಕೆಳಗೆ ತಾಡಪತ್ರಿ ಎಳೆಯುವುದು,
ಹಸಿರು ಕೀಡಿ ಟಪಟಪ ಉದುರುವುದು.
ಹಿಂದೆ ಹಿಂದೆಯೇ ಬೆಳ್ಳಕ್ಕಿ, ಕಾಜಾಣ,
ಕೂಲಿ ಕೇಳದ ಆಳುಗಳು.
ಹೂ ತಿನ್ನುವ ಜೀರುಂಡೆಯದು ಬೇರೆ ಮಾತು:
ಕರಿ ಮೈ, ಕಿತ್ತಳೆ ಪಟ್ಟಿ. 'ಬರಿಗೈಲೆ ಮುಟ್ಟಿದ್ರ ಬೊಬ್ಬಿ ಏಳ್ತಾವರೀ'
ಎಂದು ಮುಂಗೈ ತೋರಿಸಿದಳು. ಎದ್ದಿದ್ದವು, ಎರಡು.

ಡಬ್ಬಿ ತೆಗೆದಳು.
ಕೋನಮಾಪಕದ ಕೆಳಗೆ ತೊಗರಿ ಹೂ,
ಹಳದಿ, ಬೆನ್ನಿಗೆ ಕೆಂಪು ಗೀರು.
ಪಕ್ಕದಲ್ಲೇ ಒಂದು ಕೀಡಿ,
ಬಂದ ದಾರಿಯುದ್ದಕ್ಕೂ ಅರ್ಧ ರೆಕ್ಕೆ ಮುಗಿಸಿತ್ತು.

ಹಲಗೆಯ ದಾಸವಾಳ ಹಾಗೇ ಇರಲಿ ಎಂದು
ಎಲ್ಲರೂ ಫರ್ಸಿಯ ಮೇಲೆ ಕುಳಿತೆವು.
ಪಿನ್ನಿನ ತುದಿಯಿಂದ ಬಿಡಿಸಿದೆ:
ಹಿಂದೆ ನಿಂತ ಅಗಲದ ದಳ, ಧ್ವಜ.
ಅತ್ತ ಇತ್ತ ಎರಡು, ರೆಕ್ಕೆ.
ಕೆಳಗೆ ಎರಡು ಅಂಟಿಕೊಂಡದ್ದು, ದೋಣಿ.
ದೋಣಿ ಯಾರು ನೋಡಿದ್ದೀರಿ?
ಮಾಪಣ್ಣ ಕೈ ಎತ್ತಿ, ಅರ್ಧಕ್ಕೇ ಇಳಿಸಿದ.
ಕಾಗಿಣಾ ತುಂಬಿದಾಗ ಅವನು ಕಂಡದ್ದು ಹರಗೋಲಂತೆ.

ದೋಣಿ ಒತ್ತಿದರೆ ಒಳಗಿಂದ ಕೇಸರ
ಚಂಗನೆ ಎದ್ದು ಬೆರಳಿಗೆ ಪರಾಗ ಬಳಿಯಿತು.
ಎಣಿಸಿದೆವು. ಹತ್ತು.
ಒಂಬತ್ತರ ಬುಡ ಕೂಡಿ ಒಂದು ಕೊಳವೆ.
ಹತ್ತನೆಯದು ಬಿಡಿ, ಯಾರಿಗೂ ತಾಗದೆ.

'ಅದು ಗೈರ್ ಹಾಜರಿ ಏನ್ರೀ ಟೀಚರ್?'
ಕೇಳಿದವಳು ಜಗದೇವಿ.
ನಾನು ಪುಸ್ತಕ ತಿರುವಿದೆ.
ಪುಸ್ತಕ ದಾಸವಾಳದಲ್ಲೇ ಇತ್ತು.

ಮರುದಿನ ಉತ್ತರ ಅವಳೇ ತಂದಳು.
ಬದುವಿನ ಮೇಲೆ ಕುಕ್ಕರಗಾಲಲ್ಲಿ ಕೂತು ನೋಡಿದ್ದಳಂತೆ:
ಗುಂಗಿಹುಳ ಬಂದು ರೆಕ್ಕೆಯ ಮೇಲೆ ಭಾರ ಹಾಕಿತು,
ದೋಣಿ ತಗ್ಗಿತು, ಹೊಟ್ಟೆಗೆಲ್ಲ ಹಳದಿ ಹಿಟ್ಟು,
ಆ ಒಂದರ ಪಕ್ಕದ ಸಂದಿಗೇ ನಾಲಿಗೆ ಇಟ್ಟಿತು.
'ಒಂಬತ್ತೂ ಗ್ವಾಡಿ ಕಟ್ಯಾವರೀ.
ಅದೊಂದು ಸರದ ನಿಂತದ, ಬಾಗ್ಲಾ ಆಗ್ಲಿ ಅಂತ.'

ಅರ್ಧವಾರ್ಷಿಕ ಪರೀಕ್ಷೆ, ಪ್ರಶ್ನೆ ಏಳು:
ಹೂವಿನ ಭಾಗಗಳನ್ನು ಹೆಸರಿಸಿ. ನಾಲ್ಕು ಅಂಕ.
ಎಲ್ಲರೂ ಬಾಯಿಪಾಠ ಬರೆದಿದ್ದರು,
ಮಶಾಕ ಮಾತ್ರ ಸಲಾಕೆ.
ಜಗದೇವಿ ಬರೆದಿದ್ದಳು:
ಧ್ವಜ, ರೆಕ್ಕೆ, ದೋಣಿ, ಬಾಗಿಲು.

ಉತ್ತರಸೂಚಿಯಲ್ಲಿ ಬಾಗಿಲು ಇಲ್ಲ.
ಮೂರು ಕೊಟ್ಟು ಮುಂದಿನ ಹಾಳೆ ತಿರುವಿದೆ.
ಮತ್ತೆ ಹಿಂದಕ್ಕೆ ಬಂದೆ.

ಹೊರಗೆ ತೊಗರಿ ಅದಾಗಲೇ ಕಾಯಿಗಟ್ಟಿತ್ತು,
ಕಾಯಿಯ ತುದಿಯಲ್ಲಿ ಒಣಗಿದ ಶಲಾಕೆ
ಕೊಕ್ಕಿಯಂತೆ ಬಾಗಿ ಇನ್ನೂ ಹಿಡಿದುಕೊಂಡಿತ್ತು.
ಕೆಂಪು ಪೆನ್ನಿನ ಮುಚ್ಚಳ ಮೇಜಿನಿಂದ ಉರುಳಿ
ಎಲ್ಲೋ ಹೋಯಿತು. ಹುಡುಕಲಿಲ್ಲ.