ಬೆಣೆ

ಲೋಕಾಪುರ ದಾಟಿ ಮುಧೋಳದ ಕಡೆ ಹೊರಟರೆ
ಹಿರೇಹಳ್ಳಕ್ಕೆ ಐದು ಕಮಾನಿನ ಸೇತುವೆ.
ಬಣ್ಣವಿಲ್ಲ, ಹೆಸರಿಲ್ಲ, ಒಂದು ಮಗ್ಗುಲ ಕಟ್ಟೆಯನ್ನು
ಕಬ್ಬಿನ ಟ್ರ್ಯಾಕ್ಟರೊಂದು ಹೋದ ಹಂಗಾಮಿನಲ್ಲಿ ಕಿತ್ತೊಯ್ದಿದೆ.
ನಾನು ಅದರ ಕೆಳಗೆ, ಹೆಲ್ಮೆಟ್ಟು ಹಾಕಿಕೊಂಡು,
ಒಂದೊಂದೇ ಕಲ್ಲಿಗೆ ಸುತ್ತಿಗೆ ಬಡಿದು ಕಿವಿಗೊಡುತ್ತಿದ್ದೇನೆ.
ಠಣ್ ಅಂದರೆ ಗಟ್ಟಿ.
ಡಬ್ ಅಂದರೆ ಹಿಂದೆ ಟೊಳ್ಳು.
ಬಾವಲಿಗಳಿಗೆ ಈ ಪರೀಕ್ಷೆ ಹಿಡಿಸಿಲ್ಲ.

ಇಲಾಖೆಯ ಫಾರಮ್ಮಿನಲ್ಲಿ ಹತ್ತೊಂಬತ್ತು ಕಾಲಮ್ಮು.
‘ಕಟ್ಟಿದವರು’ ಎಂಬಲ್ಲಿ ‘ಮಾಹಿತಿ ಲಭ್ಯವಿಲ್ಲ’.
ಲಭ್ಯವಿದೆ. ನಮ್ಮ ಮನೆಯಲ್ಲೇ ಇದೆ:
ಕಲ್ಲು ಕೂರಿಸಿದವನು ಲಾಡಸಾಬ ಗೌಂಡಿ,
ಕಲ್ಲಿಗೂ ಮೊದಲು ಕಮಾನು ಕಟ್ಟಿದವನು
ನನ್ನ ಮುತ್ತಜ್ಜ, ಕಾಳಪ್ಪ ಬಡಿಗೇರ.

ಹೌದು, ಮೊದಲು ಮರದ ಕಮಾನು.
ಜಾಲಿ, ಮತ್ತಿ, ಸಿಕ್ಕ ದಿಮ್ಮಿ ಬಾಗಾಗಿ ಕೊರೆದು
ಹಳ್ಳದ ಉಸುಕಿನಲ್ಲಿ ಕಾಲೂರಿಸಿ
ಬೆನ್ನ ಮೇಲೆ ಎರಡೂ ಕಡೆಯಿಂದ ಕಲ್ಲು ಏರಿಸಬೇಕು.
ಒಂದು ಕಡೆ ಒಂದು ಹೆಚ್ಚಾದರೂ ಮರ ಮುನಿಯುತ್ತದೆ.
ನೆತ್ತಿಗೆ ಕೀಲಿಗಲ್ಲು ಬೀಳುವ ತನಕ
ಯಾವ ಕಲ್ಲಿಗೂ ಗೊತ್ತಿಲ್ಲ ತಾನು ಸೇತುವೆಯೆಂದು.
ಎಲ್ಲವೂ ಬೀಳುವುದಕ್ಕೇ ಹೊರಟಂಥವು;
ಹೊರಟವು ಒಂದಕ್ಕೊಂದು ಅಡ್ಡ ಬಂದದ್ದಕ್ಕೆ
ಕಮಾನು ಅಂತ ಹೆಸರು.

ಆಮೇಲೆ ಬೆಣೆ ಬಿಚ್ಚುವ ದಿನ.
ರೋಮಿನಲ್ಲಿ ಕಟ್ಟಿದವನನ್ನೇ ಅಡಿಗೆ ನಿಲ್ಲಿಸುತ್ತಿದ್ದರಂತೆ,
ನಿಜವೋ ಕಟ್ಟುಕತೆಯೋ.
ಹಿರೇಹಳ್ಳದಲ್ಲಿ ಯಾರೂ ಯಾರನ್ನೂ ನಿಲ್ಲಿಸಲಿಲ್ಲ.
ಬೆಣೆ ಇರುವುದೇ ಅಡಿಯಲ್ಲಿ,
ಬಿಚ್ಚುವವನು ಇನ್ನೆಲ್ಲಿ ನಿಲ್ಲಬೇಕು?

“ಲಾಡ್ಯಾ, ನಿನ್ನ ಕಲ್ಲು ನಿಲ್ಲತಾವೇನೋ?”
“ನಿನ್ನ ಕಟಿಗಿ ಮೊದಲ ತಗಿ, ಆಮ್ಯಾಲ ಹೇಳತೇನಿ.”

ಈ ಬೆಣೆಗೊಂದು ಏಟು, ಆ ಬೆಣೆಗೊಂದು ಏಟು.
ಕಮಾನು ಒಂದು ಬೆರಳು ಕುಸಿಯಿತು.
ಸಾಹೇಬನ ಕುದುರೆ ಹಿಂದೆ ಸರಿಯಿತು.
ಮತ್ತೆ ಕುಸಿಯಲಿಲ್ಲ.
ಆ ಒಂದು ಬೆರಳನ್ನು ನಮ್ಮಜ್ಜಿ
ಬೆರಳೆತ್ತಿಯೇ ತೋರಿಸುತ್ತಿದ್ದಳು,
ಪ್ರತಿ ಸಲ ಬೇರೆ ಬೆರಳು.

ಬಾಗಲಕೋಟೆಯ ಕಾಲೇಜಿನಲ್ಲಿ ಪರದೆ ಇಳಿಸಿ ತೋರಿಸಿದರು:
ಗಾಳಿಗೆ ಸೆರಗಿನಂತೆ ಹೊಯ್ದಾಡಿ ಹರಿದ ಅಮೆರಿಕದ ತೂಗುಸೇತುವೆ,
ನಡುವೆ ಒಂದು ಕಾರು, ಕಾರಿನಲ್ಲಿ ಉಳಿದುಹೋದ ನಾಯಿ.
ಸೂತ್ರ ಬರೆದುಕೊಂಡೆವು.
ನಾಯಿಯ ಹೆಸರು ಕೇಳಿದ್ದಕ್ಕೆ ಇಡೀ ಕ್ಲಾಸು ನಕ್ಕಿತು.
ಚೀನಾದ ಒಂದು ಕಮಾನಿಗೆ ಹೆಗಲಲ್ಲಿ ಕಿಂಡಿಗಳಂತೆ,
ನೆರೆ ಬಂದರೆ ಹೀಗೆ ಹಾದುಹೋಗು ಅಂತ;
ಸಾವಿರದ ನಾನೂರು ವರ್ಷದಿಂದ ನೀರು ಮಾತು ಕೇಳಿದೆ.
ಪೆರುವಿನ ಬೆಟ್ಟದಲ್ಲಿ ಹುಲ್ಲು ಹೊಸೆದು ಹಗ್ಗ, ಹಗ್ಗ ಹೆಣೆದು ಸೇತುವೆ,
ವರ್ಷಕ್ಕೊಮ್ಮೆ ಹಳೆಯದನ್ನು ಹೊಳೆಗೆ ಬಿಟ್ಟು ಮತ್ತೆ ಮೊದಲಿಂದ.
ಅಲ್ಲಿ ಮರೆಯಲು ಯಾರಿಗೂ ಪುರಸೊತ್ತಿಲ್ಲ.

ಯಾವ ಕಲ್ಲುಕಮಾನಿನ ಚಿತ್ರದಲ್ಲೂ ಮರ ಇರಲಿಲ್ಲ.
ಚಿತ್ರ ತೆಗೆಯುವ ಹೊತ್ತಿಗೆ
ಮರ ಲಿಲಾವಿಗೆ ಹೋಗಿರುತ್ತದೆ.

ಇಲ್ಲೂ ಹೋಯಿತು. ಒಂದು ತೊಲೆ ಯಾರದೋ ದನದ ಕೊಟ್ಟಿಗೆಗೆ,
ಹಲಗೆಗಳು ಯಾರಯಾರದೋ ಬಾಗಿಲಿಗೆ, ಉಳಿದದ್ದು ಒಲೆಗೆ.
ಒಂದು ಬೆಣೆ ಮಾತ್ರ ನಮ್ಮ ತಲಬಾಗಿಲಡಿ,
ಗಾಳಿಗೆ ಕದ ಬಡಿಯದಂತೆ ಹಿಡಿದುಕೊಂಡು ಕೂತಿದೆ.

ಪಕ್ಕದಲ್ಲೇ ಹೊಸ ಸೇತುವೆ ಬರಲಿದೆ.
ತೊಲೆಗಳು ಎಲ್ಲೋ ಎರಕಗೊಂಡು ಟ್ರೇಲರು ಹತ್ತಿ ಬರುತ್ತವೆ,
ಕ್ರೇನು ಎತ್ತಿಡುತ್ತದೆ, ಒಂದು ರಾತ್ರಿಯ ಕೆಲಸ.
ಒಳ್ಳೆಯದೇ. ಯಾರೂ ಅಡಿಯಲ್ಲಿ ನಿಲ್ಲಬೇಕಿಲ್ಲ.
‘ಭಾರಿ ವಾಹನ ನಿಷೇಧ’ ಅಂತ ಬರೆದು ಸಹಿ ಹಾಕಿ
ಮಕ್ತುಮನ ಅಂಗಡಿಗೆ ಚಹಾಕ್ಕೆ ಬಂದೆ.
ಲಾಡಸಾಬನ ಮರಿಮಗ. ಅಂಗಡಿಗೊಂದೇ ಬೆಂಚು.

“ಹುಷಾರ್ರಿ ಮೇಡಂ, ಅದು ತೂಗತೈತಿ.
ಎಷ್ಟ ರಟ್ಟು ಮಡಚಿ ಇಟ್ಟರೂ ಕೇಳವಲ್ದು.”

ಬಗ್ಗಿ ನೋಡಿದೆ. ಕಾಲಡಿಗೆ ಜೋಡಿಸಿದ ಪಟ್ಟಿ ನೇರವಿಲ್ಲ,
ಒಂದೇ ಹದದಲ್ಲಿ ಬಾಗಿದೆ.
ದಾರ ಹಿಡಿದೆ, ಟೇಪು ಹಿಡಿದೆ, ರಸೀತಿಯ ಬೆನ್ನ ಮೇಲೆ ಲೆಕ್ಕ ಹಾಕಿದೆ.
ತ್ರಿಜ್ಯ ಹನ್ನೊಂದು ಅಡಿ.
ಮೂರನೇ ಕಮಾನಿನದ್ದೂ ಹನ್ನೊಂದು.

“ಅಂದರ ಏನ್ರಿ?”

ಆ ತುದಿಗೆ ನೀನು ಕೂಡು, ಅಂದೆ.
ಕೂತ.
ಬೆಂಚು ಒಂದು ಬೆರಳು ಕುಸಿದು ನಿಂತಿತು.
ಬಸಿಯೊಳಗೆ ಚಹಾ ಚೆಲ್ಲಿತು.