ಐಸು ಕಟ್ಟುವವನ ವಹಿ

ಐವತ್ತನೆಯ ವರ್ಷದ ಪುಸ್ತಕಕ್ಕೆ, ರೈನೋ, ನೀನೂ ನಾಲ್ಕು ಮಾತು ಬರೆ
ಅಂದರು ಕಮಿಟಿಯವರು. ನನಗೆಲ್ಲಿ ಬರಬೇಕು ಚರಿತ್ರೆ?
ಗೋಲುಗಳ ಲೆಕ್ಕ ಇಟ್ಟವಳು ಅಂಚೆಕಚೇರಿಯ ಡೊರೀನ್.
ನಾನು ಇಟ್ಟದ್ದು ನೀರಿನ ಲೆಕ್ಕ.

ಇಗೋ ವಹಿ. ಮೊದಲ ಹಾಳೆ ಮೆಟ್ರೋ ಹ್ರಿನ್‌ಚುಕ್‌ನ ಕೈಬರಹ,
ನನಗೆ ಕೆಲಸ ಕಲಿಸಿದವನು:
'೧೯೪೭, ನವೆಂಬರ್ ೧೯. ಹನ್ನೊಂದು ಪದರ ನೀರು.
ಕೊಳವೆ ಕಾಗದದ ಗಿರಣಿಯಿಂದ ಸಾಲ.
ಹುಡುಗರು ಹದಿನಾಲ್ಕು. ಸ್ಕೇಟು ಒಂಬತ್ತು ಜೊತೆ.'
ಟ್ಯಾಮರಾಕ್ ಲ್ಯಾಂಡಿಂಗ್ ಪೇಪರ್‌ಮೇಕರ್ಸ್ ತಂಡದ
ಜಾತಕ ಇಷ್ಟೇ.

ಸೂರು ಇರಲಿಲ್ಲ ಆಗ. ಹಿಮ ಸುರಿದರೆ
ಆಟ ನಿಲ್ಲಿಸಿ ಸಲಿಕೆ ಹಿಡಿಯುವುದು,
ಎದುರಾಳಿಗಳೂ ಹಿಡಿಯಬೇಕು.
ಮಿಕ್ಕ ನಿಯಮವೆಲ್ಲ ಮುರಿದರಂತೆ, ಇದೊಂದನ್ನು ಯಾರೂ ಮುರಿಯಲಿಲ್ಲವಂತೆ.

ನನ್ನ ಅಕ್ಷರ ಶುರುವಾಗುವುದು ಅರವತ್ತೊಂದರಲ್ಲಿ.
ಅವಸರ ಬೇಡ, ಅನ್ನುತ್ತಿದ್ದ ಮೆಟ್ರೋ, ತೆಳ್ಳಗೆ ಹಾಕು, ಬಿಸಿನೀರೇ ಹಾಕು,
ತಣ್ಣೀರಿನ ಹೊಟ್ಟೆಯಲ್ಲಿ ಗಾಳಿ ಇರುತ್ತದೆ.
ನನಗೆ ಅಮ್ಮನ ನೆನಪು. ರಾತ್ರಿ ಬಟ್ಟಲುಗಳಿಗೆ ಹಾಲು ಬಗ್ಗಿಸಿ
ನೆನ್ನೆಯದರ ಒಂದು ಚಮಚ ಹೆಪ್ಪಿಟ್ಟು
ಬೆಳಗಾಗುವತನಕ ಯಾರೂ ಅಲುಗಾಡಿಸಬೇಡಿ ಅನ್ನುತ್ತಿದ್ದಳು.
ಇದೂ ಹಾಗೆಯೇ. ಕಟ್ಟಬೇಕು, ಕಾಯಬೇಕು,
ಹದಿನೇಳರ ಹುಡುಗರು ಬಂದು ಅದರ ಮುಖ ಗೀಚಬೇಕು.

'೧೯೬೪, ಮಾರ್ಚ್ ೭. ಬಾಗಿಲು ತೆರೆದೇ ಇಟ್ಟಿದ್ದರು. ಐಸು ಬೆವರಿತು. ಜನವೋ ಜನ.'
ಅದು ಕಪ್ ಗೆದ್ದ ರಾತ್ರಿ ಎಂದು ಡೊರೀನ್ ಹೇಳಿದಳು, ಮೊನ್ನೆ.
'೧೯೭೭. ಬೆಂಕಿ. ಬರೆಯಲು ಏನಿಲ್ಲ.'
'೧೯೮೩. ಗಿರಣಿಯಲ್ಲಿ ಮುಷ್ಕರ. ಕರೆಂಟಿನ ಬಿಲ್ಲಿಗೆ
ಪಾದ್ರಿ ಆಲು ಮಾರಿದ.'
ಬಸ್ಸಿನ ಕಥೆಗಳು ನನಗೆ ತಿಳಿಯವು. ಒಂಬತ್ತು ತಾಸು ಹೋಗಿ
ಏಳು ಸೊನ್ನೆಯಲ್ಲಿ ಸೋತು ಒಂಬತ್ತು ತಾಸು ಬರುವುದು
ಹೇಗಿರುತ್ತದೋ. ಬೆಳಗಿನ ಜಾವ ಅವರು ಇಳಿಯುವಾಗ
ಚೀಲ ನೆಲಕ್ಕೆ ಬೀಳುವ ಸದ್ದಿನಲ್ಲೇ ನನಗೆ ಫಲಿತಾಂಶ ಗೊತ್ತಾಗುತ್ತಿತ್ತು.

ಈಗ ಈ ಹಾಳೆ.
'೧೯೬೯, ಜನವರಿ ೨೨. ನೀಲಿ ಗೆರೆಯ ಪಕ್ಕ ರಕ್ತ. ಕೆರೆದೆ.
ನಸುಗೆಂಪು ಕಲೆ ಉಳಿಯಿತು.'
ಈಲೈ ಮಸ್ಕೆಗೊನ ರಕ್ತ. ರೈಲುಹಳಿ ಮುಗಿಯುವ ಊರಿನ ಕ್ರೀ ಹುಡುಗ.
ಬೆಳಗಿನ ಐದಕ್ಕೇ ಬರುತ್ತಿದ್ದ, ಬೀಗದಕೈ ನಾನೇ ಕೊಟ್ಟಿದ್ದೆ.
ಮಂಡಿಯೂರಿ ಬೆರಳ ಗೆಣ್ಣಿನಿಂದ ತಟ್ಟಿ
ಇಲ್ಲಿ ಟೊಳ್ಳು, ಅನ್ನುವನು.
ಕೊರೆದು ನೋಡಿದರೆ ಟೊಳ್ಳೇ.

ಸ್ಟ್ಯಾಂಡಿನಿಂದ ಅವನಿಗೆ ಏನು ಕೂಗುತ್ತಿದ್ದರು
ಎನ್ನುವುದು ನನ್ನ ವಹಿಯಲ್ಲಿಲ್ಲ, ಡೊರೀನ್‌ಳದರಲ್ಲೂ ಇಲ್ಲ.
ಹೊರಗಿನವರಷ್ಟೇ ಅಲ್ಲ ಕೂಗಿದ್ದು. ದನಿಗಳ ಗುರುತು ನನಗಿತ್ತು:
ರೊಟ್ಟಿ ಅಂಗಡಿಯದು, ಬ್ಯಾಂಕಿನದು.
ನಾನು ಯಂತ್ರ ಚಾಲೂ ಮಾಡಿದೆ, ಸದ್ದಿಗೆ ಸದ್ದು.
ಮಾಡಿದ್ದು ಅಷ್ಟೇ.

ಫೆಬ್ರವರಿಯಲ್ಲಿ ಊರಿಗೆ ಹೋದವನು ಬರಲಿಲ್ಲ.
ಬೀಗದಕೈ ಅಂಚೆಯಲ್ಲಿ ಬಂತು. ಲಕೋಟೆಯಲ್ಲಿ ಚೀಟಿ ಇರಲಿಲ್ಲ,
ಎರಡು ಸಲ ಕೊಡವಿ ನೋಡಿದೆ.

ಪ್ರತಿ ಏಪ್ರಿಲ್‌ನಲ್ಲಿ ಯಂತ್ರ ಆರಿಸುತ್ತೇನೆ.
ಮೊದಲು ಮೂಲೆಗಳು ಮೆತ್ತಗಾಗುತ್ತವೆ, ಆಮೇಲೆ ಗೆರೆಗಳು ಬಿಡುತ್ತವೆ,
ಕೆಂಪು ನೀಲಿಯೊಳಗೆ ಹರಿದು
ಮೋರಿಯಿಂದ ಹೊಳೆಗೆ. ಆ ವರ್ಷದ ನೀರಲ್ಲಿ
ಅವನ ಬಣ್ಣವನ್ನು ಬೇರೆಯಾಗಿ ಹುಡುಕಿದೆ. ಕಾಣಲಿಲ್ಲ.

ಕಮಿಟಿಯವರೇ, ಕಪ್ಪಿನ ಪಟ ಹಾಕಿ, ಮೇಯರ ಮಾತು ಹಾಕಿ.
ಆದರೆ ಈ ಹಾಳೆ ಬೇಡ ಅಂದರೆ
ನನ್ನ ನಾಲ್ಕು ಮಾತೂ ಬೇಡ.

ಇವತ್ತಿನದು ಬರೆದು ಏಳುತ್ತೇನೆ:
'೧೯೯೭, ನವೆಂಬರ್ ೧೯. ಮೂರು ಕಡೆ ಪೈಪು ಸೋರಿಕೆ.
ಹುಡುಗರು ಇಪ್ಪತ್ತೆರಡು. ಸ್ಕೇಟು ಎಲ್ಲರಿಗೂ ಇದೆ.
ಗೋಲ್ ಕಂಬದ ಎಡಕ್ಕೆ ತಟ್ಟಿ ನೋಡಿದೆ, ಸದ್ದು ಸರಿಯಿಲ್ಲ.'